ಮಂಜಿನಲ್ಲಿ ನಡೆಯುವವರಿಗಾಗಿ ಬರೆಯುವುದು: ಚಿಕ್ಕಮಗಳೂರು ಸೀಮೆಯ ಬೆಟ್ಟಗಳಿಗೆ ಚಾರಣ ಮಾರ್ಗದರ್ಶಿ ಸಿದ್ಧಪಡಿಸುವ ಬಗೆ

ಚಿಕ್ಕಮಗಳೂರು ಮತ್ತು ಹಾಸನದ ಬೆಟ್ಟಗಳ ಬಗ್ಗೆ ಬರುವ ಚಾರಣ ಬರಹಗಳಲ್ಲಿ ಹೆಚ್ಚಿನವು ಆಕಾಶ ತಿಳಿಯಾಗಿದ್ದ ದಿನ ನಡೆದವರು ಬರೆದವು. ‘ಎದುರಿಗೆ ಕಾಣುವ ಶಿಖರದತ್ತ ಸಾಗಿ’, ‘ದೂರದ ಬಂಡೆಯನ್ನು ಗುರಿಯಾಗಿಟ್ಟುಕೊಳ್ಳಿ’ ಎಂಬ ವಾಕ್ಯಗಳು ಮನೆಯಲ್ಲಿ ಕುಳಿತು ಓದುವವರಿಗೆ ಹಿತವಾಗಿರುತ್ತವೆ. ಆದರೆ ಮಳೆಗಾಲದುದ್ದಕ್ಕೂ, ಎಷ್ಟೋ ಸಲ ಡಿಸೆಂಬರ್‌ನ ಬೆಳಗಿನಲ್ಲೂ, ಈ ಬೆಟ್ಟಗಳ ಮೇಲೆ ಹತ್ತು ಮಾರು ಆಚೆಗಿನದು ಕಾಣದಂತೆ ಮಂಜು ಕವಿದಿರುತ್ತದೆ. ಆಗ ಶಿಖರವೂ ಇಲ್ಲ, ಬಂಡೆಯೂ ಇಲ್ಲ, ಕಾಲ ಕೆಳಗಿನ ನೆಲ ಮಾತ್ರ ಇರುತ್ತದೆ. ಮಾರ್ಗದರ್ಶಿ ಯಾರಿಗಾಗಿ ಎಂಬ ಪ್ರಶ್ನೆಗೆ ನನ್ನ ಉತ್ತರ ಇಷ್ಟೇ: ಏನೂ ಕಾಣದ ಹೊತ್ತಿನಲ್ಲಿ ಕವಲು ದಾರಿಯೊಂದರ ಬಳಿ ನಿಂತಿರುವವನಿಗಾಗಿ. ಕೆಳಗಿನ ಹಂತಗಳೆಲ್ಲ ಆ ಓದುಗನನ್ನು ಎದುರಿಗಿಟ್ಟುಕೊಂಡೇ ಹೊರಟಿವೆ.

ಮೊದಲ ಹಂತ: ದಾರಿಯ ಆಯ್ಕೆ

ಎಲ್ಲ ದಾರಿಗೂ ಮಾರ್ಗದರ್ಶಿ ಬೇಕಾಗಿಲ್ಲ, ಕೆಲವಕ್ಕೆ ಬರೆಯಲೂಬಾರದು. ಈ ಭಾಗದ ದಾರಿಗಳನ್ನು ಮೊದಲು ಮೂರು ಬಗೆಯಾಗಿ ಬೇರ್ಪಡಿಸಿಕೊಳ್ಳುವುದು ಒಳ್ಳೆಯದು.

ಮೊದಲನೆಯದು, ಡಾಂಬರು ರಸ್ತೆ ಬಹುಪಾಲು ಮೇಲಿನವರೆಗೂ ಹೋಗುವ ಜಾಗಗಳು. ರಾಜ್ಯದ ಅತಿ ಎತ್ತರದ ಶಿಖರವಾದ, 1930 ಮೀಟರ್ ಎತ್ತರದ ಮುಳ್ಳಯ್ಯನಗಿರಿ ಇಂಥದು. ವಾಹನ ನಿಲ್ಲುವ ಜಾಗದಿಂದ ಮುಳ್ಳಪ್ಪಸ್ವಾಮಿಯ ಗದ್ದುಗೆಯವರೆಗೆ ಮೆಟ್ಟಿಲುಗಳಿವೆ, ಅದಕ್ಕೆ ಯಾರ ಮಾರ್ಗದರ್ಶನವೂ ಬೇಡ. ಆದರೆ ಅದೇ ಗಿರಿಗೆ ಸರ್ಪದಾರಿಯಿಂದ ಏರುವವರಿಗೆ ಒಂದು ಪುಟದಷ್ಟಾದರೂ ವಿವರಣೆ ಬೇಕಾಗುತ್ತದೆ. ಎರಡನೆಯದು, ಅರಣ್ಯ ಇಲಾಖೆ ಅನುಮತಿ ಕೊಟ್ಟು ಬಿಡುವ ದಾರಿಗಳು: ಮುಳ್ಳೋಡಿ ಕಡೆಯಿಂದ ಕುದುರೆಮುಖ, ಸುಂಕಸಾಲೆಯ ಕಡೆಯಿಂದ ಬಲ್ಲಾಳರಾಯನ ದುರ್ಗ, ಅಲ್ಲಿಂದ ಮುಂದೆ ಬಂಡಾಜೆ ಅರ್ಬಿ ಎಂಬ ಜಲಪಾತ, ಮೂಡಿಗೆರೆ ತಾಲ್ಲೂಕಿನ ಭೈರಾಪುರದಿಂದ ಎತ್ತಿನಭುಜ. ಮಾರ್ಗದರ್ಶಿಯ ನಿಜವಾದ ಅಗತ್ಯ ಇರುವುದು ಇವಕ್ಕೆ. ಮೂರನೆಯದು, ಹೋಗಲೇಬಾರದ ದಾರಿಗಳು. ಭದ್ರಾ ಹುಲಿ ಸಂರಕ್ಷಿತ ಪ್ರದೇಶದ ಒಳಗಿನ ಜಾಡುಗಳು, ಹಾಗೂ ಸಕಲೇಶಪುರದಿಂದ ಸುಬ್ರಹ್ಮಣ್ಯದ ಕಡೆಗೆ 57 ಸುರಂಗಗಳನ್ನು ಹಾದು ಇಳಿಯುವ ರೈಲು ಹಳಿಯ ನಡಿಗೆ ಈ ಗುಂಪಿಗೆ ಸೇರುತ್ತವೆ. ಹಳಿಯ ಮೇಲಿನ ನಡಿಗೆಗೆ ನಿಷೇಧವಿದೆ ಎಂದು ಮೊದಲ ಸಾಲಿನಲ್ಲಿ ಹೇಳಿ, ಎರಡನೆಯ ಸಾಲಿನಿಂದ ಅದರ ದಾರಿಯನ್ನೇ ವರ್ಣಿಸುವ ಬರಹಗಳು ಇಂದಿಗೂ ಓಡಾಡುತ್ತಿವೆ. ಆ ಜಾಣತನ ಮಾರ್ಗದರ್ಶಿ ಬರೆಯುವವರಿಗೆ ಶೋಭಿಸುವುದಿಲ್ಲ.

ಇವುಗಳಲ್ಲಿ ಸೇರದ ಒಂದು ವಿಶೇಷ ಬೆಟ್ಟವಿದೆ. ಮಲ್ಲೇನಹಳ್ಳಿಯ ಬಳಿಯ ದೇವೀರಮ್ಮನ ಬೆಟ್ಟವನ್ನು ದೀಪಾವಳಿಯ ಹೊತ್ತಿಗೆ ಸಾವಿರಾರು ಭಕ್ತರು ಹತ್ತುತ್ತಾರೆ, ಅನೇಕರು ಬರಿಗಾಲಿನಲ್ಲಿ, ಕತ್ತಲಿರುವಾಗಲೇ. ಅಂಥ ದಾರಿಗೆ ದಿಕ್ಕು ಹೇಳುವ ಅಗತ್ಯವೇ ಇಲ್ಲ, ಮುಂದಿನವರ ಬೆನ್ನೇ ದಿಕ್ಕು. ಮಳೆ ಬಂದರೆ ಎಲ್ಲಿ ಜಾರುತ್ತದೆ, ಇಳಿಯುವವರ ಸಾಲು ಎಲ್ಲಿ ಇಕ್ಕಟ್ಟಾಗುತ್ತದೆ, ಮಕ್ಕಳನ್ನು ಕರೆದುಕೊಂಡು ಎಷ್ಟು ಹೊತ್ತಿಗೆ ಹೊರಡಬೇಕು ಎಂಬುದನ್ನಷ್ಟೇ ಬರೆದರೆ ಸಾಕು.

ಎರಡನೆಯ ಹಂತ: ಹೊರಡುವ ಮುನ್ನ ನಕಾಶೆ ಮತ್ತು ಅನುಮತಿ

ಸರ್ವೆ ಆಫ್ ಇಂಡಿಯಾದ 1:50,000 ಪ್ರಮಾಣದ ನಕಾಶೆ ಈ ಕೆಲಸಕ್ಕೆ ತಳಹದಿ. ಅದರಲ್ಲಿ ಸಮೋನ್ನತಿ ರೇಖೆಗಳ, ಅಂದರೆ ಒಂದೇ ಎತ್ತರದ ಜಾಗಗಳನ್ನು ಜೋಡಿಸುವ ಗೆರೆಗಳ, ನಡುವಿನ ಎತ್ತರದ ಅಂತರ 20 ಮೀಟರ್. ರೇಖೆಗಳು ಒಂದಕ್ಕೊಂದು ಒತ್ತಿಕೊಂಡಿರುವಲ್ಲಿ ಕಡಿದಾದ ಏರು, ಬಿಡಿಬಿಡಿಯಾಗಿರುವಲ್ಲಿ ಸಾಧಾರಣ ಇಳಿಜಾರು. ನಡೆಯುವ ಮುನ್ನ ದಾರಿಯುದ್ದಕ್ಕೂ ದಿಣ್ಣೆಯ ನೆತ್ತಿ ಎಲ್ಲಿದೆ, ಹಳ್ಳಗಳು ಯಾವ ಕಡೆಗೆ ಇಳಿಯುತ್ತವೆ, ಎರಡು ಬೆಟ್ಟಗಳ ನಡುವಿನ ಗಂಡಿ ಎಲ್ಲಿ ಬರುತ್ತದೆ ಎಂಬುದನ್ನು ಪೆನ್ಸಿಲಿನಲ್ಲಿ ಗುರುತು ಹಾಕಿಕೊಳ್ಳಬೇಕು. ಚಿಕ್ಕಮಗಳೂರಿನಿಂದ ಗಿರಿಗೆ ಹೋಗುವವರಿಗೆಲ್ಲ ಕವಿಕಲ್ ಗಂಡಿ ಗೊತ್ತು. ಆದರೆ ನಕಾಶೆಯಲ್ಲಿ ಹೆಸರಿಲ್ಲದ ಗಂಡಿಗಳು ಎಷ್ಟೋ ಇವೆ, ಅವುಗಳ ಹೆಸರನ್ನು ದನ ಕಾಯುವವರನ್ನೂ ತೋಟದ ಕೆಲಸದವರನ್ನೂ ಕೇಳಿಯೇ ತಿಳಿಯಬೇಕು. ಚಾರಣಿಗರು ತಾವೇ ಇಟ್ಟ ಇಂಗ್ಲಿಷ್ ಹೆಸರುಗಳನ್ನು ಮುಖ್ಯ ಹೆಸರಾಗಿ ಬಳಸಬಾರದು. ದಾರಿ ತಪ್ಪಿದವನು ಆ ಹೆಸರು ಹೇಳಿ ಹಳ್ಳಿಯವರನ್ನು ವಿಚಾರಿಸಿದರೆ ಅವರಿಗೆ ಯಾವ ಜಾಗವೆಂದೇ ಅರ್ಥವಾಗುವುದಿಲ್ಲ.

ಶಿಖರಗಳ ಎತ್ತರದ ವಿಷಯದಲ್ಲಿ ಹೆಚ್ಚು ತಲೆಕೆಡಿಸಿಕೊಳ್ಳಬೇಕಾಗಿಲ್ಲ. ಕುದುರೆಮುಖವನ್ನು ಒಂದು ಕಡೆ 1892, ಇನ್ನೊಂದು ಕಡೆ 1894 ಮೀಟರ್ ಎಂದು ಬರೆದಿರುತ್ತಾರೆ. ನಡೆಯುವವನಿಗೆ ಬೇಕಾದುದು ಶಿಖರದ ಎತ್ತರವಲ್ಲ, ಹೊರಟ ಜಾಗದಿಂದ ಎಷ್ಟು ಏರಬೇಕು ಎಂಬ ಲೆಕ್ಕ.

ಅನುಮತಿಯ ಭಾಗವನ್ನು ಅಸಡ್ಡೆಯಿಂದ ಬರೆಯುವಂತಿಲ್ಲ. ರಾಷ್ಟ್ರೀಯ ಉದ್ಯಾನ ಮತ್ತು ವನ್ಯಜೀವಿಧಾಮಗಳ ಪ್ರವೇಶವನ್ನು 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆ ನಿಯಂತ್ರಿಸುತ್ತದೆ. ಅನುಮತಿಯಿಲ್ಲದೆ ಒಳಹೋಗುವುದು ಅಪರಾಧ. 2024ರ ಜನವರಿಯಲ್ಲಿ ರಜೆಯ ದಿನಗಳಂದು ಕುಮಾರ ಪರ್ವತಕ್ಕೆ ಜನ ಮುಗಿಬಿದ್ದ ಮೇಲೆ ಸರ್ಕಾರ ಚಾರಣಗಳನ್ನು ಕೆಲಕಾಲ ನಿಲ್ಲಿಸಿ, ಆನ್‌ಲೈನ್ ಬುಕಿಂಗ್ ಮತ್ತು ದಿನಕ್ಕೆ ಇಷ್ಟೇ ಜನ ಎಂಬ ಮಿತಿಯನ್ನು ತಂದಿತು. ಆದ್ದರಿಂದ ಮಾರ್ಗದರ್ಶಿಯಲ್ಲಿ ಎಲ್ಲಿ ನೋಂದಾಯಿಸಿಕೊಳ್ಳಬೇಕು, ಯಾವ ಗುರುತಿನ ಚೀಟಿ ಬೇಕು, ಯಾವ ಚೆಕ್‌ಪೋಸ್ಟಿನಲ್ಲಿ ತೋರಿಸಬೇಕು, ಇಲಾಖೆಯ ಗೈಡ್ ಜೊತೆಗಿರಬೇಕೇ ಎಂಬುದನ್ನು ಬರೆದು, ಆ ವಿವರ ಯಾವ ತಿಂಗಳದ್ದು ಎಂಬುದನ್ನು ಪಕ್ಕದಲ್ಲೇ ನಮೂದಿಸಬೇಕು. ಶುಲ್ಕದ ಮೊತ್ತವನ್ನು ಬರೆಯದಿರುವುದೇ ಲೇಸು, ಅದು ಬರಹಕ್ಕಿಂತ ಬೇಗ ಹಳತಾಗುತ್ತದೆ.

ಹಲವು ದಾರಿಗಳು ಕಾಡು ಮುಟ್ಟುವ ಮೊದಲು ಕಾಫಿ ತೋಟಗಳ ಒಳಗೆ ಹಾಯುತ್ತವೆ. ಅವು ಖಾಸಗಿ ಜಾಗ. ತೋಟದ ಮಾಲೀಕರನ್ನೋ ಕೆಲಸ ನೋಡಿಕೊಳ್ಳುವ ರೈಟರನ್ನೋ ಕಂಡು, ಅಪರಿಚಿತರು ಈ ಗೇಟಿನಿಂದ ಹಾದುಹೋಗಲು ಅಡ್ಡಿಯಿಲ್ಲವೇ ಎಂದು ಕೇಳಿ, ಅವರು ಒಪ್ಪಿದ ಮೇಲಷ್ಟೇ ಆ ದಾರಿಯನ್ನು ಬರೆಯಬೇಕು. ಒಬ್ಬರನ್ನು ಬಿಟ್ಟ ತೋಟದವರು ಐವತ್ತು ಜನರನ್ನು ಬಿಡುತ್ತಾರೆಂದು ಭಾವಿಸಬಾರದು. ಕೊಯ್ಲಿನ ದಿನಗಳಲ್ಲಂತೂ ಹಾಗೆ ನಿರೀಕ್ಷಿಸುವುದೇ ತಪ್ಪು.

ಮೂರನೆಯ ಹಂತ: ನಡೆಯುತ್ತ ಬರೆದುಕೊಳ್ಳುವುದು

ಮೊಬೈಲಿನಲ್ಲಿ ಜಾಡು ದಾಖಲಾಗುತ್ತದೆಂದು ಕೈಬರಹವನ್ನು ಬಿಟ್ಟವರ ಮಾರ್ಗದರ್ಶಿಗಳು ಬರೀ ಗೆರೆಗಳಾಗಿರುತ್ತವೆ. ಜಿಪಿಎಸ್ ಎಲ್ಲಿ ನಡೆದೆವೆಂದು ಹೇಳುತ್ತದೆ, ಅಲ್ಲಿ ಏನಿತ್ತೆಂದು ಹೇಳುವುದಿಲ್ಲ. ಅಲ್ಲದೆ ಎತ್ತರವನ್ನು ತೋರಿಸುವುದರಲ್ಲಿ ಅದು ಸ್ಥಾನವನ್ನು ತೋರಿಸುವುದಕ್ಕಿಂತ ಹೆಚ್ಚು ತಪ್ಪುತ್ತದೆ. ದಟ್ಟ ಶೋಲಾದ, ಅಂದರೆ ಬೆಟ್ಟದ ಕೊರಕಲುಗಳಲ್ಲಿ ಬೆಳೆಯುವ ಕಾಡಿನ, ಒಳಗೆ ಸ್ಥಾನವೂ ಅತ್ತಿತ್ತ ಜಿಗಿಯುತ್ತದೆ. ನಿರ್ದೇಶಾಂಕಗಳನ್ನು ಕೊಡುವುದಾದರೆ ದಶಮಾಂಶದ ನಾಲ್ಕು ಸ್ಥಾನ ಸಾಕು, ಅಷ್ಟಕ್ಕೇ ಹನ್ನೊಂದು ಮೀಟರಿನ ನಿಖರತೆ ದೊರೆಯುತ್ತದೆ.

ನೀರಿಗೆ ಕರಗದಂತೆ ಪೆನ್ಸಿಲಿನಲ್ಲಿ, ಪ್ಲಾಸ್ಟಿಕ್ ಚೀಲದಲ್ಲಿಟ್ಟ ಸಣ್ಣ ಪುಸ್ತಕದಲ್ಲಿ ಬರೆದುಕೊಳ್ಳಬೇಕು. ಪ್ರತಿ ತಿರುವಿನಲ್ಲೂ ಐದು ಸಂಗತಿ: ಹೊತ್ತು, ದಿಕ್ಕು, ಕಾಲ ಕೆಳಗಿನ ನೆಲ, ಕಿವಿಗೆ ಬೀಳುವ ಸದ್ದು, ಮುಂದಿನ ಗುರುತು. ಇವುಗಳಲ್ಲಿ ನೆಲ ಮತ್ತು ಸದ್ದನ್ನು ಬಹುಮಂದಿ ಬಿಟ್ಟುಬಿಡುತ್ತಾರೆ, ಮಂಜಿನಲ್ಲಿ ಉಳಿಯುವುದು ಅವೇ ಎರಡು. ಹುಲ್ಲಿನ ಮೇಲಿಂದ ಸಡಿಲ ಕಲ್ಲಿಗೆ ಬಂದದ್ದು, ಬಿಸಿಲ ಬಯಲಿನಿಂದ ಶೋಲಾದ ಒಳಕ್ಕೆ ಕಾಲಿಟ್ಟೊಡನೆ ತರಗೆಲೆ ಮೆತ್ತಗಾದದ್ದು, ಎಡಗಡೆಯ ಹಳ್ಳದ ಸದ್ದು ಬೆನ್ನ ಹಿಂದಕ್ಕೆ ಹೋದದ್ದು, ಇವೆಲ್ಲ ಕಣ್ಣು ಮುಚ್ಚಿಕೊಂಡರೂ ಗೊತ್ತಾಗುವ ಗುರುತುಗಳು.

ಕುದುರೆಮುಖದ ದಾರಿಯಲ್ಲಿ ಒಂಟಿಮರವೆಂದು ಎಲ್ಲರೂ ಹೆಸರಿಸುವ ಗುರುತೊಂದಿದೆ. ಅಂಥ ಗುರುತುಗಳನ್ನು ಬರೆಯಬೇಕು, ಆದರೆ ಅದೊಂದನ್ನೇ ನೆಚ್ಚಿ ಬರೆಯಬಾರದು. ಮರ ಬೀಳುತ್ತದೆ, ಮಂಜಿನಲ್ಲಿ ಮರೆಯಾಗುತ್ತದೆ. ಪ್ರತಿ ಗುರುತಿಗೂ ಒಂದು ಜೋಡಿ ಗುರುತು ಇರಲಿ, ಒಂದು ಕಾಣುವಂಥದು, ಇನ್ನೊಂದು ನೆಲಕ್ಕೆ ಸಂಬಂಧಿಸಿದ್ದು.

ಹುಲ್ಲುಗಾವಲಿನಲ್ಲಿ ದೊಡ್ಡ ತೊಡಕೆಂದರೆ ಸುಳ್ಳು ದಾರಿಗಳು. ದನಗಳೂ ಕಾಟಿಗಳೂ (ಕಾಡೆಮ್ಮೆಗಳೂ) ತುಳಿದ ಜಾಡು ಮನುಷ್ಯರ ಕಾಲುದಾರಿಯಷ್ಟೇ ಸ್ಪಷ್ಟವಾಗಿರುತ್ತದೆ, ಕೆಲವೊಮ್ಮೆ ಹೆಚ್ಚು. ಸರಿಯಾದ ದಾರಿಯನ್ನು ಬರೆಯುವಷ್ಟೇ ಎಚ್ಚರದಿಂದ ತಪ್ಪು ದಾರಿಗಳನ್ನೂ ಬರೆಯಬೇಕು: ಅದು ಎಲ್ಲಿ ಕವಲೊಡೆಯುತ್ತದೆ, ಎಷ್ಟು ದೂರದವರೆಗೆ ನಂಬಿಸುತ್ತದೆ, ಯಾವುದನ್ನು ಕಂಡರೆ ತಪ್ಪಿದೆವೆಂದು ತಿಳಿದು ಹಿಂದಿರುಗಬೇಕು. ಕಲ್ಪಿತ ದಾರಿಯೊಂದರ ಉದಾಹರಣೆ ನೋಡಿ. ‘ಕಾಡು ದಾಟಿ ಬಲಕ್ಕೆ ತಿರುಗಿ ಶಿಖರದ ಕಡೆ ನಡೆಯಿರಿ’ ಎಂಬುದು ಅರೆಬರೆ ಬರಹ. ಅದನ್ನೇ ಹೀಗೆ ಬರೆಯಬಹುದು: ‘ಶೋಲಾದಿಂದ ಹೊರಬಿದ್ದ ಕೂಡಲೇ ದಾರಿ ಎರಡಾಗುತ್ತದೆ. ನೇರಕ್ಕೆ ಹೋಗುವ ಅಗಲವಾದ ಜಾಡು ದನಗಳದ್ದು; ಅದು ಇಳಿಯುತ್ತ ಹೋಗಿ ಕೆಸರಿನ ಹಡ್ಲಿನಲ್ಲಿ ಮುಗಿಯುತ್ತದೆ. ಬಲಕ್ಕೆ ಏರುವ, ಅಡಿಯಗಲದ, ಚೂಪುಗಲ್ಲುಗಳ ದಾರಿಯನ್ನು ಹಿಡಿಯಿರಿ. ಐದು ನಿಮಿಷ ನಡೆದ ಮೇಲೂ ಏರು ಸಿಗದಿದ್ದರೆ ತಪ್ಪಿದ್ದೀರಿ, ಶೋಲಾದ ಅಂಚಿಗೆ ಮರಳಿ.’ ಎರಡನೆಯದು ಉದ್ದವಾಯಿತೆಂದು ಸಂಪಾದಕರು ಗೊಣಗಬಹುದು, ಗೊಣಗಲಿ.

ದಿಕ್ಸೂಚಿಯ ಬಗ್ಗೆ ಇಲ್ಲಿಯ ಬೆಟ್ಟಗಳಿಗೇ ಸಂಬಂಧಿಸಿದ ಮಾತೊಂದಿದೆ. ಕುದುರೆಮುಖದಲ್ಲಿ ದಶಕಗಳ ಕಾಲ ತೆಗೆದದ್ದು ಮ್ಯಾಗ್ನಟೈಟ್, ಅಂದರೆ ಆಯಸ್ಕಾಂತ ಗುಣವುಳ್ಳ ಕಬ್ಬಿಣದ ಅದಿರು. ಬಾಬಾಬುಡನ್‌ಗಿರಿ ಶ್ರೇಣಿಯ ಬಂಡೆಗಳಲ್ಲೂ ಕಬ್ಬಿಣದ ಅಂಶ ಧಾರಾಳವಾಗಿದೆ. ಇಂಥ ಬಂಡೆಯ ಪಕ್ಕದಲ್ಲಿ ನಿಂತು ನೋಡಿದರೆ ದಿಕ್ಸೂಚಿಯ ಮುಳ್ಳು ದಾರಿ ತಪ್ಪಿಸಬಹುದು, ಮೊಬೈಲಿನ ದಿಕ್ಸೂಚಿಯೂ ಇದಕ್ಕೆ ಹೊರತಲ್ಲ. ಬಂಡೆಯಿಂದ ಒಂದಷ್ಟು ದೂರ ಸರಿದು ಎರಡು ಮೂರು ಕಡೆ ನಿಂತು ಅಳೆಯಬೇಕು. ಅಳತೆಗಳು ಹೊಂದದಿದ್ದರೆ ಮಾರ್ಗದರ್ಶಿಯಲ್ಲಿ ಆ ಜಾಗಕ್ಕೆ ದಿಕ್ಕನ್ನು ಕೊಡದೆ ದಿಣ್ಣೆ, ಹಳ್ಳಗಳ ಗುರುತನ್ನೇ ಕೊಡಬೇಕು.

ನಾಲ್ಕನೆಯ ಹಂತ: ಹೊತ್ತಿನ ಲೆಕ್ಕ

ಸ್ಕಾಟ್ಲೆಂಡಿನ ಬೆಟ್ಟಗಾರ ವಿಲಿಯಂ ನೇಸ್ಮಿತ್ 1892ರಲ್ಲಿ ಹಾಕಿಕೊಟ್ಟ ಸೂತ್ರ ಇಂದಿಗೂ ಬಳಕೆಯಲ್ಲಿದೆ: ಐದು ಕಿಲೋಮೀಟರಿಗೆ ಒಂದು ಗಂಟೆ, ಅದರ ಮೇಲೆ ಪ್ರತಿ 600 ಮೀಟರ್ ಏರಿಕೆಗೆ ಇನ್ನೊಂದು ಗಂಟೆ. ಹತ್ತು ಕಿಲೋಮೀಟರ್ ಉದ್ದ, 900 ಮೀಟರ್ ಏರಿಕೆಯ ದಾರಿಗೆ ಇದರಂತೆ ಮೂರೂವರೆ ಗಂಟೆ. ಆದರೆ ಅದು ಗಟ್ಟಿಗರ, ನಿಲ್ಲದೆ ನಡೆಯುವವರ ಲೆಕ್ಕ. ಒದ್ದೆ ಕಲ್ಲು, ಹಳ್ಳ ದಾಟುವಾಗಿನ ಬೂಟು ಬಿಚ್ಚುವಿಕೆ, ಇಂಬಳ (ಜಿಗಣೆ) ಕೀಳಲು ನಿಲ್ಲುವುದು, ಗುಂಪಿನ ಹಿಂದುಳಿದವರಿಗೆ ಕಾಯುವುದು, ಇವೆಲ್ಲ ಸೇರಿ ನಮ್ಮ ಕಡೆ ಅದರ ಒಂದೂವರೆ ಪಟ್ಟು ಹಿಡಿಯುವುದು ಕ್ಷೇಮ. ಇಳಿಯುವಾಗ ಹೊತ್ತು ಉಳಿಯುತ್ತದೆಂದು ಬರೆಯಬಾರದು. ದಣಿದ ಮೊಣಕಾಲು ಜಾರುನೆಲದಲ್ಲಿ ಏರಿದಷ್ಟೇ ಹೊತ್ತು ತೆಗೆದುಕೊಳ್ಳುತ್ತದೆ.

ಎಷ್ಟು ಗಂಟೆ ಬೇಕೆಂಬುದಕ್ಕಿಂತ ಮುಖ್ಯವಾದುದು ಮರಳುವ ಗಡುವು. ಡಿಸೆಂಬರ್‌ನಲ್ಲಿ ಇಲ್ಲಿ ಸುಮಾರು ಆರು ಗಂಟೆಗೆ ಸೂರ್ಯ ಮುಳುಗುತ್ತದೆ, ಶೋಲಾದ ಒಳಗೆ ಅದಕ್ಕೂ ಮೊದಲೇ ಕತ್ತಲು. ಆದ್ದರಿಂದ ‘ಇಷ್ಟು ಗಂಟೆಗೆ ಇಂಥ ಗುರುತು ತಲುಪದಿದ್ದರೆ ಶಿಖರವನ್ನು ಬಿಟ್ಟು ಹಿಂದಿರುಗಿ’ ಎಂಬ ಒಂದು ವಾಕ್ಯವನ್ನು ದಪ್ಪ ಅಕ್ಷರದಲ್ಲಿ ಮುದ್ರಿಸಬೇಕು. ಗಡುವನ್ನು ಓದುಗನ ವಿವೇಚನೆಗೆ ಬಿಟ್ಟರೆ, ಶಿಖರ ಕಣ್ಣಿಗೆ ಬಿದ್ದ ಮೇಲೆ ಅವನು ಅದನ್ನು ಮೀರಿಯೇ ಮೀರುತ್ತಾನೆ.

ಐದನೆಯ ಹಂತ: ಕಾಡನ್ನು ಬರೆಯುವುದು

ದಾರಿ ತೋರಿಸಿದರಷ್ಟೇ ಸಾಲದು, ಏನನ್ನು ನೋಡುತ್ತಿದ್ದೇವೆಂದೂ ಹೇಳಬೇಕು. ಇಲ್ಲಿಯೇ ಬರಹ ‘ಭೂಲೋಕದ ಸ್ವರ್ಗ’, ‘ಹಸಿರು ಸೀರೆ ಉಟ್ಟ ವನದೇವತೆ’ಗಳ ಕಡೆ ಜಾರುವುದು. ಆ ಮಾತುಗಳನ್ನು ಕೆಮ್ಮಣ್ಣುಗುಂಡಿಗೂ ಬಿಸಿಲೆಗೂ ಒಂದಕ್ಷರ ಬದಲಿಸದೆ ಅಂಟಿಸಬಹುದು, ಅವುಗಳ ದೋಷವೇ ಅದು. ಆ ಜಾಗಕ್ಕಷ್ಟೇ ಸಲ್ಲುವ ಸಂಗತಿಯನ್ನು ಹುಡುಕಿ ಬರೆಯುವುದು ಕಷ್ಟವೇನಲ್ಲ.

ಎತ್ತರದ ಬೆಟ್ಟಗಳಲ್ಲಿ ಹುಲ್ಲೂ ಕಾಡೂ ಏಕೆ ಹೀಗೆ ಹಂಚಿಕೊಂಡಿವೆ ಎಂಬುದನ್ನೇ ತೆಗೆದುಕೊಳ್ಳಿ. ಗಾಳಿಗೆ ತೆರೆದ, ಮಣ್ಣು ತೆಳುವಾದ ದಿಣ್ಣೆಗಳ ಮೇಲೆ ಹುಲ್ಲು; ತೇವವೂ ಆಳವಾದ ಮಣ್ಣೂ ನಿಲ್ಲುವ ಕೊರಕಲುಗಳಲ್ಲಿ ಶೋಲಾ. ಬೆಂಕಿಯೂ ಮೇವೂ ಈ ಎಲ್ಲೆಯನ್ನು ಹಿಂದೆ ಮುಂದೆ ತಳ್ಳುತ್ತಿರುತ್ತವೆ. ಇದನ್ನು ತಿಳಿದವನು ಹುಲ್ಲುಗಾವಲನ್ನು ‘ಬೋಳು ಗುಡ್ಡ’, ಗಿಡ ನೆಡಬೇಕಾದ ಪಾಳು ಜಾಗ ಎಂದು ಬರೆಯುವುದಿಲ್ಲ. ಮಳೆಯ ನೀರನ್ನು ಹಿಡಿದಿಟ್ಟು ನಿಧಾನವಾಗಿ ಹಳ್ಳಗಳಿಗೆ ಬಿಡುವುದರಲ್ಲಿ ಈ ಹುಲ್ಲು ಮತ್ತು ಶೋಲಾ ಎರಡಕ್ಕೂ ಪಾಲಿದೆ. ತುಂಗಾ, ಭದ್ರಾ, ನೇತ್ರಾವತಿ ನದಿಗಳು ಹುಟ್ಟುವ ಗಂಗಾಮೂಲ ಇಂಥ ನೆಲದಲ್ಲೇ ಇದೆ.

ನೀರು ಯಾವ ಕಡೆಗೆ ಹೋಗುತ್ತದೆಂದು ಹೇಳುವುದು ವರ್ಣನೆಯೂ ಹೌದು, ದಾರಿಗುರುತೂ ಹೌದು. ಬಲ್ಲಾಳರಾಯನ ದುರ್ಗದ ಪರಿಸರದಲ್ಲಿ ಪೂರ್ವದ ಇಳಿಜಾರಿನ ಹೇಮಾವತಿಯ ನೀರು ಹಾಸನದ ಗೊರೂರನ್ನು ಹಾದು ಕಾವೇರಿಯನ್ನು ಸೇರಿ ಬಂಗಾಳ ಕೊಲ್ಲಿಯನ್ನು ಮುಟ್ಟುತ್ತದೆ. ಪಶ್ಚಿಮದ ಕಡಿದಾದ ಪಾರ್ಶ್ವದಲ್ಲಿ ಬಂಡಾಜೆಯ ನೀರು ನೇತ್ರಾವತಿಯ ಮೂಲಕ ಅರಬ್ಬೀ ಸಮುದ್ರಕ್ಕೆ ಇಳಿಯುತ್ತದೆ. ದಾರಿ ತಪ್ಪಿದವರು ಹಳ್ಳದ ಜೊತೆ ಇಳಿದರೆ ಊರು ಸಿಗುತ್ತದೆಂಬ ಹಳೆಯ ನಂಬಿಕೆಯನ್ನು ಇಲ್ಲಿ ಬಲವಾಗಿ ಅಲ್ಲಗಳೆಯಬೇಕು, ಏಕೆಂದರೆ ಪಶ್ಚಿಮದ ಹಳ್ಳಗಳು ಪ್ರಪಾತಗಳಲ್ಲಿ ಬೀಳುತ್ತವೆ.

ಕುದುರೆಮುಖದ ಬಗ್ಗೆ ಬರೆಯುವಾಗ ಗಣಿಯನ್ನು ಬಿಟ್ಟು ಬರೆಯುವುದು ಅಪ್ರಾಮಾಣಿಕ. 1987ರಲ್ಲಿ ರಾಷ್ಟ್ರೀಯ ಉದ್ಯಾನವಾಗಿ ಘೋಷಿತವಾದ ಸುಮಾರು 600 ಚದರ ಕಿಲೋಮೀಟರಿನ ಈ ಕಾಡಿನ ನಡುವೆಯೇ ಗಣಿಗಾರಿಕೆ ನಡೆಯುತ್ತಿತ್ತು. ಸುಪ್ರೀಂ ಕೋರ್ಟಿನ 2002ರ ಆದೇಶದ ಫಲವಾಗಿ 2005ರ ಕೊನೆಗೆ ನಿಂತಿತು. ಗುಡ್ಡ ಕತ್ತರಿಸಿದ ಮೆಟ್ಟಿಲುಗಳೂ, ಅದಿರು ತೊಳೆದ ಹೂಳನ್ನು ತಡೆಯಲು ಕಟ್ಟಿದ ಲಕ್ಯಾ ಅಣೆಕಟ್ಟೂ ಇಂದಿಗೂ ಇವೆ. ಅವನ್ನು ಕಂಡ ಓದುಗ ಇದೇನೆಂದು ಕೇಳುವ ಮೊದಲೇ ಮಾರ್ಗದರ್ಶಿ ಹೇಳಿರಬೇಕು.

ಹೂವಿನ ವಿಷಯದಲ್ಲಿ ಅವಸರ ಬೇಡ. 2022ರಲ್ಲಿ ಚಂದ್ರದ್ರೋಣ (ಬಾಬಾಬುಡನ್‌ಗಿರಿ) ಶ್ರೇಣಿಯಲ್ಲಿ ಕುರಿಂಜಿ ಅರಳಿದಾಗ ‘ಹನ್ನೆರಡು ವರ್ಷಕ್ಕೊಮ್ಮೆ’ ಎಂಬ ಮಾತು ಎಲ್ಲ ಕಡೆ ಹರಿದಾಡಿತು. ಕುರಿಂಜಿಯ ಕುಲದಲ್ಲಿ ಹಲವು ಜಾತಿಗಳಿದ್ದು ಅವು ಅರಳುವ ಅವಧಿಯೂ ಬೇರೆಬೇರೆ. ಯಾವ ಜಾತಿಯೆಂದು ಖಚಿತವಿಲ್ಲದಿದ್ದರೆ ಎಲೆ, ಹೂವು, ಗಿಡದ ಎತ್ತರವನ್ನು ವರ್ಣಿಸಿ, ಕಂಡ ತಿಂಗಳು ಮತ್ತು ವರ್ಷವನ್ನು ಬರೆದು ನಿಲ್ಲಿಸುವುದು ಒಳ್ಳೆಯದು.

ಆರನೆಯ ಹಂತ: ಅಪಾಯಗಳು, ತಿಂಗಳ ಲೆಕ್ಕದಲ್ಲಿ

‘ಕಾಡುಪ್ರಾಣಿಗಳಿವೆ, ಎಚ್ಚರ’ ಎಂಬ ಒಂದು ಸಾಲಿನಿಂದ ಯಾರಿಗೂ ಉಪಯೋಗವಿಲ್ಲ. ಯಾವ ತಿಂಗಳಲ್ಲಿ ಏನು ಎಂಬುದನ್ನು ಹೇಳಬೇಕು. ಮಳೆಗಾಲದಲ್ಲಿ ಇಂಬಳ, ಏರಿದ ಹಳ್ಳ, ಜಾರುವ ಬಂಡೆ. ಇಂಬಳ ಕಿರಿಕಿರಿಯಷ್ಟೇ, ಹಳ್ಳ ಹಾಗಲ್ಲ. ಬೆಳಿಗ್ಗೆ ಮೊಣಕಾಲುದ್ದವಿದ್ದ ನೀರು ಮಧ್ಯಾಹ್ನಕ್ಕೆ ಸೊಂಟ ಮುಟ್ಟಬಹುದಾದ ದಾಟುಗಳನ್ನು ಹೆಸರಿಸಿಯೇ ಬರೆಯಬೇಕು. ಫೆಬ್ರವರಿ, ಮಾರ್ಚಿನಲ್ಲಿ ಒಣಹುಲ್ಲಿನ ಬೆಂಕಿ. ಇಲಾಖೆ ಆಗ ದಾರಿಗಳನ್ನು ಮುಚ್ಚುವುದುಂಟು. ಏಪ್ರಿಲ್, ಮೇ ತಿಂಗಳ ಮಧ್ಯಾಹ್ನಗಳಲ್ಲಿ ಗುಡುಗು ಮಳೆ. ಮರವೇ ಇಲ್ಲದ ದಿಣ್ಣೆಯ ಮೇಲೆ ಸಿಡಿಲಿಗೆ ಎತ್ತರದ ವಸ್ತುವೆಂದರೆ ಚಾರಣಿಗನೇ.

ಚಾರಣದ ಬರಹಗಳಲ್ಲಿ ಬಹುತೇಕ ಕಾಣದ ಅಪಾಯವೆಂದರೆ ಮಂಗನ ಕಾಯಿಲೆ. 1957ರಲ್ಲಿ ಶಿವಮೊಗ್ಗ ಜಿಲ್ಲೆಯ ಕ್ಯಾಸನೂರು ಕಾಡಿನಲ್ಲಿ ಮೊದಲು ಗುರುತಿಸಲಾದ ಈ ಜ್ವರ ಉಣುಗಿನ ಕಡಿತದಿಂದ ಹರಡುತ್ತದೆ, ಚಿಕ್ಕಮಗಳೂರು ಜಿಲ್ಲೆಯಲ್ಲೂ ಪ್ರಕರಣಗಳು ಬರುತ್ತವೆ. ಡಿಸೆಂಬರ್‌ನಿಂದ ಮೇವರೆಗೆ ಅದರ ಕಾಲ, ಅಂದರೆ ಜನ ಹೆಚ್ಚಾಗಿ ಬೆಟ್ಟ ಹತ್ತುವ ಕಾಲವೇ. ಸತ್ತ ಮಂಗ ಕಂಡರೆ ಹತ್ತಿರ ಹೋಗದೆ ಅರಣ್ಯ ಅಥವಾ ಆರೋಗ್ಯ ಇಲಾಖೆಗೆ ತಿಳಿಸಬೇಕು, ತುಂಬುತೋಳು ತೊಟ್ಟು ಉಣುಗು ನಿವಾರಕ ತೈಲ ಹಚ್ಚಿಕೊಳ್ಳಬೇಕು, ಮರಳಿದ ಮೇಲೆ ಬಟ್ಟೆಯನ್ನು ಬಿಸಿನೀರಿನಲ್ಲಿ ಒಗೆದು ಮೈ ತೊಳೆಯಬೇಕು, ವಾರದೊಳಗೆ ಜ್ವರ ಬಂದರೆ ಕಾಡಿಗೆ ಹೋಗಿದ್ದನ್ನು ವೈದ್ಯರಿಗೆ ಹೇಳಬೇಕು. ಬೆಂಗಳೂರಿನ ವೈದ್ಯರಿಗೆ ರೋಗಿ ತಾನಾಗಿ ಹೇಳದಿದ್ದರೆ ಇದು ಹೊಳೆಯುವುದು ಕಷ್ಟ.

ಸಕಲೇಶಪುರ, ಆಲೂರು, ಮೂಡಿಗೆರೆ ಕಡೆಗಳಲ್ಲಿ ಆನೆಗಳು ಕಾಡಿಗಿಂತ ತೋಟದ ರಸ್ತೆಗಳಲ್ಲೇ ಎದುರಾಗುವುದುಂಟು. ಆದ್ದರಿಂದ ದಾರಿಯ ಆರಂಭಕ್ಕೆ ಮುಂಜಾನೆ ಕತ್ತಲಲ್ಲಿ ನಡೆದು ಬರಬೇಡಿ ಎಂದು ಬರೆಯಬೇಕು; ಹಿಂದಿನ ರಾತ್ರಿ ಆನೆ ಎಲ್ಲಿತ್ತೆಂದು ಅಲ್ಲಿಯ ಜನರನ್ನು ಕೇಳಿಯೇ ಹೊರಡಲು ಹೇಳಬೇಕು. ಹಾವಿನ ಕಡಿತಕ್ಕೆ ಕಟ್ಟು ಕಟ್ಟದೆ, ಕೊಯ್ಯದೆ, ಕಡಿತವಾದ ಅಂಗ ಅಲುಗದಂತೆ ಹೊತ್ತು ತರುವುದೊಂದೇ ಉಪಾಯ. ಹತ್ತಿರದ ಯಾವ ಆಸ್ಪತ್ರೆಯಲ್ಲಿ ವಿಷ ನಿರೋಧಕ ಇದೆ, ದಾರಿಯ ಬುಡದಿಂದ ಅಲ್ಲಿಗೆ ಜೀಪಿನಲ್ಲಿ ಎಷ್ಟು ಹೊತ್ತು, ಮೊಬೈಲ್ ಸಿಗ್ನಲ್ ಕೊನೆಯದಾಗಿ ಎಲ್ಲಿ ಸಿಗುತ್ತದೆ ಎಂಬ ಮೂರನ್ನೂ ಸ್ವತಃ ವಿಚಾರಿಸಿ ಬರೆಯಬೇಕು.

ಏಳನೆಯ ಹಂತ: ಬರೆಯದೆ ಬಿಡುವುದು

ಹಕ್ಕಿಯ ಗೂಡು, ಅಪರೂಪದ ಸೀತಾಳೆ (ಆರ್ಕಿಡ್) ಹೂವಿರುವ ಮರ, ಊರವರು ಮಾತ್ರ ಬಲ್ಲ ಅಬ್ಬಿ, ದೇವರ ಕಾಡು, ಕಳ್ಳಬೇಟೆ ತಡೆ ಶಿಬಿರಗಳಿರುವ ಜಾಗ, ಇವುಗಳ ಸ್ಥಾನವನ್ನು ಬರೆಯಬಾರದು. ಚಿತ್ರಗಳನ್ನು ಹಾಕುವ ಮುನ್ನ ಅವುಗಳೊಳಗೆ ಕ್ಯಾಮೆರಾ ಸೇರಿಸಿದ ಸ್ಥಳದ ಮಾಹಿತಿಯನ್ನು ಅಳಿಸಬೇಕು, ಬರಹದಲ್ಲಿ ಮುಚ್ಚಿಟ್ಟದ್ದನ್ನು ಚಿತ್ರ ಬಿಟ್ಟುಕೊಡುತ್ತದೆ. ತಿರುವುಗಳನ್ನು ಕತ್ತರಿಸಿ ನೇರ ಏರುವ ಅಡ್ಡದಾರಿಗಳನ್ನೂ ತೋರಿಸಬಾರದು: ಹುಲ್ಲಿನ ಬೇರು ಕಿತ್ತ ಜಾಗದಲ್ಲಿ ಒಂದೇ ಮಳೆಗಾಲಕ್ಕೆ ಕೊರಕಲು ಬೀಳುತ್ತದೆ. ರಾತ್ರಿ ತಂಗಲು ಅನುಮತಿಯಿಲ್ಲದ ಕಡೆ ‘ಟೆಂಟಿಗೆ ಸಮತಟ್ಟು ಜಾಗ’ ಎಂಬ ಮಾತೇ ಬರಕೂಡದು.

ಎಂಟನೆಯ ಹಂತ: ಪರೀಕ್ಷೆ ಮತ್ತು ಪರಿಷ್ಕರಣೆ

ಕರಡು ಮುಗಿದ ಮೇಲೆ ಆ ದಾರಿಯನ್ನು ನೋಡದ ಒಬ್ಬರ ಕೈಗೆ ಕೊಟ್ಟು, ಅವರ ಹಿಂದೆ ಮಾತಾಡದೆ ನಡೆಯಬೇಕು. ಅವರು ಎಲ್ಲಿ ನಿಂತು ಕಾಗದ ತಿರುವುತ್ತಾರೋ ಆ ಜಾಗದ ವಾಕ್ಯ ಕೆಟ್ಟಿದೆ ಎಂದರ್ಥ. ಸಾಧ್ಯವಿದ್ದರೆ ಇದನ್ನು ಮಂಜಿರುವ ಬೆಳಿಗ್ಗೆಯೇ ಮಾಡಬೇಕು. ಆಮೇಲೆ ಗಸ್ತಿನ ವನಪಾಲಕರಿಗೂ ದಾರಿಬುಡದ ಮನೆಯವರಿಗೂ ಓದಿ ಹೇಳಿದರೆ ಹೆಸರುಗಳ ತಪ್ಪುಗಳು ಅಲ್ಲೇ ತಿದ್ದಿಕೊಳ್ಳುತ್ತವೆ.

ಪ್ರತಿ ಮಳೆಗಾಲದ ನಂತರ ಮಾರ್ಗದರ್ಶಿಯನ್ನು ಮತ್ತೆ ನೋಡಬೇಕು. 2019ರ ಆಗಸ್ಟ್ ಮಳೆಗೆ ಮೂಡಿಗೆರೆ ಸೀಮೆಯಲ್ಲಿ ಗುಡ್ಡಗಳು ಕುಸಿದು, ಚಾರ್ಮಾಡಿ ಘಾಟಿಯ ಸಂಚಾರವೇ ಅಸ್ತವ್ಯಸ್ತವಾಗಿತ್ತು. ಅಂಥ ವರ್ಷ ಕಾಲುದಾರಿಗಳು ಹಾಗೆಯೇ ಉಳಿದಿರುತ್ತವೆಂದು ನಂಬುವುದು ಸರಿಯಲ್ಲ. ಎಲ್ಲವನ್ನೂ ಮರುನಡೆಯಲು ಆಗದಿದ್ದರೆ ಹಳ್ಳದ ದಾಟುಗಳು, ಕಾಲುಸಂಕಗಳು, ತೋಟದ ಗೇಟು, ಅನುಮತಿಯ ವಿಧಾನ, ಈ ನಾಲ್ಕನ್ನಾದರೂ ಅಕ್ಟೋಬರ್‌ನಲ್ಲಿ ವಿಚಾರಿಸಿ, ವಿಚಾರಿಸಿದ ದಿನಾಂಕವನ್ನು ಆಯಾ ಸಾಲಿನ ಪಕ್ಕ ಹಾಕಬೇಕು. ಇಲಾಖೆ ಮುಚ್ಚಿದ ದಾರಿಯ ಬರಹವನ್ನು ಸದ್ದಿಲ್ಲದೆ ಅಳಿಸುವುದು ಸರಿಯಾದ ಕ್ರಮವಲ್ಲ. ಅದರ ಹಳೆಯ ಪ್ರತಿಗಳು ಜನರ ಮೊಬೈಲುಗಳಲ್ಲಿ ಉಳಿದಿರುತ್ತವೆ. ಆದ್ದರಿಂದ ದಾರಿಯ ವಿವರಗಳನ್ನು ತೆಗೆದು, ಶೀರ್ಷಿಕೆಯನ್ನು ಹಾಗೆಯೇ ಉಳಿಸಿ, ಅದರ ಕೆಳಗೆ ಯಾವಾಗಿನಿಂದ, ಯಾವ ಕಾರಣಕ್ಕೆ ಮುಚ್ಚಲಾಗಿದೆ, ಮತ್ತೆ ತೆರೆದಿದೆಯೇ ಎಂದು ಯಾವ ವಲಯ ಅರಣ್ಯ ಕಚೇರಿಯಲ್ಲಿ ಕೇಳಬೇಕು ಎಂಬುದನ್ನು ಬರೆಯಬೇಕು.